ಪರದೆಯ ಹಿಂಬದಿ

ಕಾಲಾಣೆಗೆ ಪರದೆಯ ಹಿಂಬದಿ.
ತಲಚೇರಿ ಕಣಾರನ್ನನ ಡೇರೆಯಲ್ಲಿ ಅದು ಕಾಯಿದೆ:
ಮುಂದೆ ಬೆಂಚು, ಸಾಹೇಬರು, ತೋಟದ ರೈಟರು;
ಹಿಂದೆ ಚಾಪೆ, ಹೆಂಗಸರು,
ವಿರಾಜಪೇಟೆ ಸಂತೆ ಮುಗಿಸಿ ಬುಟ್ಟಿ ಸಮೇತ ಬಂದವರು.
ನೀರು ಚಿಮುಕಿಸಿದ ಬಟ್ಟೆಯಲ್ಲಿ ಚಿತ್ರ ಎರಡೂ ಕಡೆ ಮೂಡುತ್ತಿತ್ತು.
ಅಕ್ಷರ ಮಾತ್ರ ತಿರುವುಮುರುವು. ಅಲ್ಲಿ ಓದುವವರು ಯಾರಿದ್ದರು?

ನಾನು ಹ್ಯಾಂಡಲ್ ತಿರುಗಿಸುವ ಹುಡುಗ.
ಸೆಕೆಂಡಿಗೆ ಎರಡು ಸುತ್ತು. ನಿಧಾನವಾದರೆ ಕಣಾರನ್ನನ ಮೊಣಕೈ.

ಆ ಬುಧವಾರದ ಚಿತ್ರದಲ್ಲಿ ಒಂದು ಮನೆ.
ಯಾವ ದೇಶವೋ, ಹೆಂಚಿನ ಮೇಲೆ ಹೊಗೆಗೂಡು, ಹಿತ್ತಲಲ್ಲಿ ಬಾತು,
ಎರಡು ಸೈನ್ಯಕ್ಕೂ ಅದೇ ದಾರಿ.
ಶಾಮಣ್ಣ ಮೇಷ್ಟರು ಕೋಲು ಹಿಡಿದು ಕೂಗುತ್ತಿದ್ದರು:
"ನೋಡಿ, ವೈರಿ ಬಂದ! ಗಡಿಯಾರ ಒಡೆದ!
ತಾಯಿ ಮಗಳನ್ನು ಹಿಟ್ಟಿನ ಪೀಪಾಯಿಯಲ್ಲಿ ಬಚ್ಚಿಟ್ಟಳು!"
ಯಾರು ವೈರಿ ಎಂದು ಅವರಿಗೂ ಗೊತ್ತಿರಲಿಲ್ಲ,
ಟೋಪಿ ನೋಡಿ ಅಂದಾಜು.
ಫಿರಂಗಿ ಹಾರಿತು, ಸದ್ದಿಲ್ಲದೆ.
ಮನೆ ಉರಿಯಿತು, ನನ್ನ ಹ್ಯಾಂಡಲಿನ ಟಕಟಕಕ್ಕೆ.

ಆಟ ಬಿಟ್ಟ ಮೇಲೆ ಪರದೆಯ ಅಂಚಿನಿಂದ ಒಂದು ಮುಖ: ಪೂವವ್ವ.
ಬಸ್ರಾದಿಂದ ತಂತಿ ಬಂದು ಏಳು ವರ್ಷ.
"ಕುಂಞಿ, ಬಾಗಿಲಲ್ಲಿ ನಿಂತು ನೀರು ಕೇಳಿದನಲ್ಲ,
ಎಡಗೈಯಲ್ಲಿ ಚೊಂಬು ಹಿಡಿದವನು,
ಅವನನ್ನು ಇನ್ನೊಮ್ಮೆ ತೋರಿಸು.
ಬೆಳ್ಯಪ್ಪನೂ ಎಡಚ.
ಕೈಲ್‌ಮುಹೂರ್ತದ ತೆಂಗಿನಕಾಯಿಗೂ
ಎಡ ಭುಜಕ್ಕೇ ಕೋವಿ ಆನಿಸಿದವನು.
ವರ್ಷ ವರ್ಷ ಮೀದಿ ಇಡುತ್ತೇನೆ. ನೀರು ಕೇಳಿದ್ದು ಇವತ್ತೇ."

ಹಿಂದೆ ಕೂತರೆ ಎಲ್ಲರೂ ಎಡಚರೇ ಅವ್ವಾ,
ಅನ್ನಲು ಬಾಯಿ ತೆರೆದೆ. ಕೆಮ್ಮಿದೆ.

ಕಣಾರನ್ ಊಟಕ್ಕೆ ಹೋಗಿದ್ದ.
ದೀಪ ಹಚ್ಚಿ ಹಿಂದಕ್ಕೆ ತಿರುವಿದೆ.
ಹೊಗೆ ಇಳಿದು ತೊಲೆಯಾಯಿತು. ಹೆಂಚುಗಳು ನೆಲದಿಂದೆದ್ದು
ಒಂದೊಂದೇ ತಮ್ಮ ಜಾಗ ಹುಡುಕಿಕೊಂಡವು.
ಹುಡುಗಿ ಪೀಪಾಯಿಯಿಂದ ಎದ್ದಳು, ಮೈಮೇಲೆ ಚೂರೂ ಹಿಟ್ಟಿಲ್ಲ.
ಸಿಪಾಯಿ ಹಿಂದುಹಿಂದಾಗಿ ಬಾಗಿಲಿಗೆ ಬಂದು
ಕುಡಿದ ನೀರನ್ನೆಲ್ಲ ಚೊಂಬಿಗೆ ಮರಳಿಸಿದ.

"ನಿಲ್ಲಿಸು," ಬಟ್ಟೆಯ ಆಚೆಯಿಂದ. "ಅಲ್ಲೇ ಇರಲಿ."

ನಿಲ್ಲಿಸಿದರೆ ದೀಪದ ಕಾವಿಗೆ ಸುರುಳಿ ಹತ್ತಿಕೊಳ್ಳುತ್ತದೆ.
ಹೇಗೆ ಹೇಳಲಿ?
ಆ ಮನೆ ಸುಡಬಾರದೆಂದರೆ ನನ್ನ ಕೈ ನಿಲ್ಲಬಾರದು.
ಮುಂದಕ್ಕೆ ಎರಡು ಸುತ್ತು, ಹಿಂದಕ್ಕೆ ಎರಡು ಸುತ್ತು.
ಅವನು ಕುಡಿದ, ಕುಡಿಯಲಿಲ್ಲ, ಕುಡಿದ.

ರಟ್ಟೆ ಸೋತಿತು. ದೀಪ ಆರಿಸಿದೆ.
ಕತ್ತಲಲ್ಲೇ ಬಂದು ಕೈಗೆ ಕಾಲಾಣೆ ಇಟ್ಟಳು,
"ಎರಡನೇ ಆಟದ್ದು."
ನಾಣ್ಯ ಒದ್ದೆಯಾಗಿತ್ತು;
ಬಟ್ಟೆ ಮುಟ್ಟಿ ಬಂದಿದ್ದಳು ಅಂತ ಕಾಣುತ್ತದೆ.