ಹತ್ತು ಗ್ರಾಂ

ಹದಿನಾಲ್ಕನೇ ತಿಂಗಳಿಗೂ ಅದೇ ಒಂದು ಸಾಲು:
‘ಪರಿಶೀಲನೆಯಲ್ಲಿದೆ.’
ನಾನು ಕೇಳಿದ್ದು ಹತ್ತು ಗ್ರಾಂ ಬಂಗಿ ಸೊಪ್ಪು,
ಸಂತೆಯ ಒಂದು ಕಟ್ಟು ಪುದೀನಕ್ಕಿಂತ ಹಗುರ.
ಬೀರುವಿಗೆ ಎರಡು ಬೀಗ, ಕಿಟಕಿಗೆ ಸರಳು,
ಮೂಲೆಗೊಂದು ಕ್ಯಾಮೆರಾ, ದಪ್ಪ ರಟ್ಟಿನ ರಿಜಿಸ್ಟರು,
ಹೇಳಿದ್ದೆಲ್ಲ ಮಾಡಿಸಿ ಆಯಿತು.
ಸದ್ಯ ಆ ಬೀರುವಿನಲ್ಲಿ
ಅಟೆಂಡರ್ ಬುದವಂತ ಗುನಗಿ
ತನ್ನ ಕೊಡೆ ಇಡುತ್ತಾನೆ.

ಈ ಬೆಳಿಗ್ಗೆ ಕಾಲೇಜಿನ ಗೇಟಿಗೆ ಪೊಲೀಸ್ ಜೀಪು.
ಗೋಕರ್ಣದ ದಂಡೆಯಲ್ಲಿ ಹಿಡಿದದ್ದು,
ಮಾಜಾಳಿ ಚೆಕ್‌ಪೋಸ್ಟಿನಲ್ಲಿ ಟಯರಿನೊಳಗೆ ಸಿಕ್ಕಿದ್ದು,
ಮೂರು ವರ್ಷದ ಮುದ್ದೆಮಾಲು, ನಲವತ್ತೊಂದು ಕಿಲೋ.
ಕೋರ್ಟಿನ ಅಪ್ಪಣೆ: ಸುಡತಕ್ಕದ್ದು.
ರಸಾಯನ ಬಲ್ಲವರೊಬ್ಬರು ಸಾಕ್ಷಿಗೆ ಇರಲಿ ಅಂತ
ನನ್ನನ್ನೇ ಕೂರಿಸಿಕೊಂಡು ಹೋದರು.

ಊರಾಚೆ, ಆಸ್ಪತ್ರೆಯ ಕಸ ಸುಡುವ ಕುಲುಮೆ.
ಅರಗಿನ ಮುದ್ರೆ ಸಮೇತ ಪೊಟ್ಟಣಗಳು
ಒಂದೊಂದೇ ಒಳಗೆ ಹೋದವು.
ಸುಮ್ಮನೆ ನಿಂತವಳು ಭಾಗಿಸಿದೆ, ಅಭ್ಯಾಸಬಲ:
ನಾಲ್ಕು ಸಾವಿರದ ನೂರು.
ನನ್ನಂಥ ನಾಲ್ಕು ಸಾವಿರದ ನೂರು ಅರ್ಜಿಗಳು
ಅರ್ಧ ಗಂಟೆಯಲ್ಲಿ ಮಂಜೂರಾಗಿ
ಚಿಮಣಿಯಿಂದ ಕಾಳಿ ನದಿಯ ಕಡೆಗೆ ಹೋದವು.

“ಗಾಳಿಗೆ ಬೆನ್ನು ಮಾಡಿ ಮೇಡಂ, ತಲೆಗೇರೀತು,”
ಅಂದರು ಪಿಎಸ್‌ಐ, ಕರ್ಚೀಫು ಮೂಗಿಗೆ ಹಿಡಿದು.
ತಲೆಗೇರುವುದು ಒಂದು ಅಣು, ಸಾರ್,
ಅದರ ಬೆನ್ನಿಗೆ ಹುಟ್ಟಿದವು ನೂರಕ್ಕೂ ಮಿಕ್ಕಿ.
ಒಬ್ಬನ ಹೆಸರಿಗೆ ವಾರಂಟು, ಇಡೀ ಮನೆತನಕ್ಕೆ ಜೈಲು.
ಇದನ್ನು ನಾನು ಹೇಳಲಿಲ್ಲ.
ತೋರಿಸಿದಲ್ಲಿ ಸಹಿ ಮಾಡಿದೆ.

ಬೀಗ ನಮ್ಮ ಮೈಯೊಳಗೂ ಇದೆ, ಸರ್ಕಾರದ್ದಲ್ಲ.
ನರದ ತುದಿಯಲ್ಲಿ ಒಂದು ಜಾತಿ,
ನಂಜಿನೊಡನೆ ಹೋರಾಡುವ ಕಣಗಳಲ್ಲಿ ಇನ್ನೊಂದು.
ಅದಕ್ಕೆ ಹೊಂದುವ ಕೀಲಿಯನ್ನು ಮೈ ತಾನೇ ಅರೆದುಕೊಳ್ಳುತ್ತದೆ,
ಬೇಕಾದಾಗ ಬೇಕಾದಷ್ಟು, ಅರ್ಜಿಯಿಲ್ಲದೆ.
ಅದನ್ನು ಕಂಡವರು ಎಲ್ಲೋ ದೂರದ ಲ್ಯಾಬಿನಲ್ಲಿ
ಹೆಸರಿಗೆ ಅಂತ ನಮ್ಮ ‘ಆನಂದ’ವನ್ನು ಕಡ ಒಯ್ದರು.
ಇನ್ನೂ ತಿರುಗಿ ಕೊಟ್ಟಿಲ್ಲ.

ಕಾಯುತ್ತ ಕೂರಲಾಗದೆ ಮೆಣಸು ಹಿಡಿದೆ.
ಸಿರ್ಸಿಯ ಸೊಸೈಟಿಯಿಂದ ಕಾಲು ಕಿಲೋ, ರಶೀದಿ ಸಮೇತ.
ಬಂಗಿಯಲ್ಲಿರುವ ಒಂದು ಘಮ ಮೆಣಸಿನಲ್ಲೂ ಇದೆ,
ಎರಡನೇ ಬೀಗಕ್ಕೆ ಸರಿಯಾಗಿ ಕೂರುತ್ತದೆ, ಅಮಲಿಲ್ಲ.
ಗಾಜಿನ ತಟ್ಟೆಯಲ್ಲಿ ಕೂರುತ್ತದೆ.
ಇಲಿಯ ಊದಿದ ಪಾದ ಸ್ವಲ್ಪ ಇಳಿಯುತ್ತದೆ.
ಮನುಷ್ಯರ ಮಾತು ಬಂದಾಗ ನನ್ನ ವರದಿಯಲ್ಲಿ
‘ಬಹುದು’ ಎಂಬ ಪದ ಹತ್ತೊಂಬತ್ತು ಸಲ ಬರುತ್ತದೆ.
ಎಣಿಸಿದವನು ಬುದವಂತ.

ಸಂಜೆ ಬೈತಖೋಲ.
ಮೋಹಿನಿ ಹರಿಕಂತ್ರಳ ಬುಟ್ಟಿಯ ಮುಂದೆ ನಿಂತರೆ
ಕೇಳಿದ್ದಕ್ಕಿಂತ ಎರಡು ಬಂಗಡೆ ಹೆಚ್ಚು ಬೀಳುತ್ತವೆ.
ಬೇಡ ಅಂದರೂ ಬೀಳುತ್ತವೆ.
ಒಂಬತ್ತು ವರ್ಷದ ಪೂರ್ವಿಗೆ ದಿನಕ್ಕೆ ಹನ್ನೆರಡು ಸಲ ಫಿಟ್ಸು,
ಮೂರು ಬಗೆಯ ಮಾತ್ರೆ ಸೋತಿವೆ.
ನಾನೇ ಒಮ್ಮೆ ಬಾಯಿ ತಪ್ಪಿ ಹೇಳಿದ್ದೆ:
ಆ ಗಿಡದ್ದೇ ಅಮಲಿಲ್ಲದ ಒಂದು ಸತ್ವ,
ಕೆಲವು ಮಕ್ಕಳಿಗೆ, ಕೆಲವು ಥರದ ಫಿಟ್ಸಿಗೆ...
‘ಕೆಲವು’ ಅವಳ ಕಿವಿಗೆ ಬಿದ್ದಿರಲಿಲ್ಲ.

“ಬಾಯೀ, ವಖದ ಆಯ್ತೇ?”
“ಇಲ್ಲ.”
“ಮೀನು ಮರಿಹಾಕಲಿ ಅಂತ ಅರವತ್ತೊಂದು ದಿನ
ಬೋಟು ಕಟ್ಟಿ ಕೂರ್ತೇವೆ ನಾವು. ಕಾಯೋದು ಗೊತ್ತು.
ನಿಮ್ಮದು ಎಷ್ಟು ದಿನ, ಅದೊಂದು ಹೇಳಿ.”

ಹೇಳಲು ನನ್ನ ಬಳಿ ಅಂಕೆ ಇರಲಿಲ್ಲ.
ಅವಳು ಚೀಲ ಕೊಡಲು ಬಗ್ಗಿದವಳು ತಡೆದಳು.
ನನ್ನ ದುಪಟ್ಟಾದ ಸೆರಗನ್ನು, ಪೊರೆ ಅಂಟಿದ ಎರಡು ಬೆರಳಲ್ಲಿ,
ಕಿವಿರು ಎತ್ತಿ ನೋಡುವ ಹಾಗೆ ಎತ್ತಿ
ಮೂಸಿದಳು.

“ಎಂತದು ಇದು?”
ನಾನು ಸುಮ್ಮನಿದ್ದೆ.
ಮತ್ತೊಮ್ಮೆ ಮೂಸಿ ಕೈಬಿಟ್ಟಳು:
“ಎಂತದೋ. ಹಳತು.”