ಹತ್ತೊಂಬತ್ತನೆಯ ಸೀಸನ್ನು

ಐವರು ಒಟ್ಟಿಗೇ ಹೋದರು. ವಿಗ್ಗಿನ ಕೋಣೆಯಲ್ಲಿ
ಅವರ ತಲೆಗಳು ಮಾತ್ರ ಉಳಿದವು:
ಥರ್ಮಕೋಲಿನವು, ಕಣ್ಣಿಲ್ಲದವು,
ಹಣೆಗೊಂದು ಅಂಟುಪಟ್ಟಿ, ಪಟ್ಟಿಯ ಮೇಲೆ ಹೆಸರು.

ಒರಿಸಿಯಾ ಒಂದೊಂದೇ ಕಿತ್ತಳು. ಪೂರ್ತಿ ಬರಲಿಲ್ಲ;
ಲೈಲ್ ಎಂಬುದರ ಅರ್ಧ ಹಣೆಯಲ್ಲೇ ಉಳಿಯಿತು,
ಅದರ ಮೇಲೇ ಹೊಸ ಹುಡುಗಿಯ ಹೆಸರು ಒತ್ತಿದಳು.

ನ್ಯೂಫೌಂಡ್‌ಲ್ಯಾಂಡಿನವಳು ಪ್ರಿಸ್ಕಾ. ಸಣ್ಣ ತಲೆ.
ಹದಿನಾಲ್ಕು ವರ್ಷ ಟೊರಾಂಟೊವನ್ನು ನಗಿಸಿದ
ಮೇಯರಮ್ಮನ ಆ ಕೆಂಪು ತುರುಬು
ಅವಳ ಕಿವಿಯ ತನಕ ಜಾರಿತು.
ಒಳಗೆ ಹತ್ತಿ ತುಂಬು, ಇನ್ನಷ್ಟು ತುಂಬು.

"ಬೆವರು ನಾರುತ್ತದೆ," ಅಂದಳು ಹುಡುಗಿ.
"ಅದು ಲೈಲನದು. ತೊಳೆದರೂ ಹೋಗದು."

ಶನಿವಾರ ರಾತ್ರಿ. ಚಪ್ಪಾಳೆಯ ದೀಪ ಹತ್ತಿತು,
ಜನ ತಟ್ಟಿದರು, ಬೀಗರ ಮನೆಗೆ ಬಂದವರ ಹಾಗೆ.
ಮೊದಲ ಮಾತಿಗೆ ನಗೆಯಿಲ್ಲ. ಎರಡನೆಯದಕ್ಕೆ
ಒಂದು ಕೆಮ್ಮು.
ಮೂರನೆಯ ಮಾತು ಅವಳಿಗೆ ಮರೆತೇ ಹೋಯಿತು.
ತುರುಬು ವಾಲಿತು, ಹತ್ತಿಯುಂಡೆಯೊಂದು
ಕಿವಿಯ ಹಿಂದಿನಿಂದ ಉದುರಿ ಮೇಜಿಗೆ ಬಿತ್ತು.
ಅವಳು ಅದನ್ನೇ ನೋಡಿದಳು, ಕೈಗೆತ್ತಿಕೊಂಡು
ಬಜೆಟ್ಟಿನಂತೆ ಓದತೊಡಗಿದಳು.

ಹಿಂದಿನ ಸಾಲಲ್ಲಿ ಯಾರೋ ಮೂಗಿನಲ್ಲಿ ನಕ್ಕ.

ಪರದೆಯ ಹಿಂದೆ ಒರಿಸಿಯಾ, ಬಾಯಲ್ಲಿ ಪಿನ್ನು ಕಚ್ಚಿಕೊಂಡೇ,
ಒಬ್ಬ, ಎಂದು ಎಣಿಸಿದಳು.