ನಾಲ್ಕು ಕಿಲೋ ನೂರು ಗ್ರಾಂ

ಮೊಂಗು ಪಟ್ಟಣದ ಕೋರ್ಟಿನಲ್ಲಿ ನಾನು ದುಭಾಷಿ.
ಲೋಜಿಯನ್ನು ಇಂಗ್ಲಿಷಿಗೆ, ಇಂಗ್ಲಿಷನ್ನು ಲೋಜಿಗೆ
ಸೋಸಿ ಕೊಡುವುದು ಕೆಲಸ. ಗಸಿ ನನ್ನ ಪಾಲಿಗೆ.

ಕಟಕಟೆಯಲ್ಲಿ ಇಂದು ನಾಮಾಕಾವು,
ಮೀನು ಒಣಗಿಸುವವಳು, ಫಿರ್ಯಾದಿಯ ತಾಯಿ.
ಫಿರ್ಯಾದಿ ಪರದೆಯಾಚೆ ಬೆಂಚಿನ ಮೇಲಿದ್ದಾಳೆ.
ಅವಳ ಕಾಲು ನೆಲಕ್ಕೆ ಮುಟ್ಟುತ್ತವೆ;
ಅದನ್ನು ಮೊದಲು ಗಮನಿಸಿದವರು
ಆರೋಪಿಯ ವಕೀಲರು.

"ಮಗಳು ಹುಟ್ಟಿದ್ದು ಯಾವಾಗ?"
"ನೀರು ಬಂದ ವರ್ಷ."
ಮುಯುಂಡಾ ವಕೀಲರು ಕನ್ನಡಕ ಒರೆಸಿಕೊಂಡರು:
"ಜಾಂಬೆಜಿ ಪ್ರತಿ ವರ್ಷವೂ ಬರುತ್ತದಲ್ಲ, ತಾಯೀ."
"ಬರುತ್ತದೆ. ಆ ವರ್ಷ ಹೇಳದೆ ಬಂತು.
ದಿಬ್ಬದ ಮೇಲಿನ ಅಡುಗೆಮನೆಗೂ ಹತ್ತಿ ಒಲೆಯ ಬೂದಿ ನೆಕ್ಕಿತು.
ನಮ್ಮ ಕಪ್ಪು ಹಸು ಹುತ್ತದ ಮೇಲೆ ನಿಂತು ಕರು ಹಾಕಿತು.
ನಾನು ದೋಣಿಯಲ್ಲಿ ಹೆತ್ತೆ. ಹುಟ್ಟು ಹಾಕುತ್ತಿದ್ದ ಅತ್ತೆ
ಹುಟ್ಟು ಬಿಟ್ಟು ಮಗುವನ್ನು ಹಿಡಿದಳು."

ಇಷ್ಟನ್ನೂ ಇಂಗ್ಲಿಷಿಗೆ ತಂದೆ.
ಮ್ಯಾಜಿಸ್ಟ್ರೇಟರ ಪೆನ್ನು ಕಾಯುತ್ತಲೇ ಇತ್ತು.
ಅದಕ್ಕೆ ಬೇಕಿದ್ದದ್ದು ಅಂಕಿ.
ಕಾನೂನಿಗೆ ಹದಿನಾರರ ಈಚೆ ಒಂದು ಲೋಕ,
ಆಚೆ ಒಂದು. ನಡುವೆ ಬದು ಕೂಡ ಇಲ್ಲ.

ಹಲ್ಲಿನ ಡಾಕ್ಟರು ಬರೆದು ಕಳಿಸಿದ್ದರು:
ಹದಿನೈದು ಇರಬಹುದು, ಎರಡು ವರ್ಷ ಹೆಚ್ಚುಕಡಿಮೆ.
ಆ ಹೆಚ್ಚುಕಡಿಮೆಯ ಬಾಗಿಲಲ್ಲಿ
ಒಬ್ಬ ಗಂಡಸು ಸಲೀಸಾಗಿ ನಡೆದು ಹೋಗಬಹುದು,
ತಲೆ ಕೂಡ ಬಗ್ಗಿಸಬೇಕಿಲ್ಲ.

ಶಾಲೆಯ ದಾಖಲೆಯೋ, ಹೆಡ್‌ಮಾಸ್ಟರೇ ಒಪ್ಪಿಕೊಂಡರು,
ಒಂದನೇ ತರಗತಿಯ ಇಪ್ಪತ್ತೆಂಟು ಮಕ್ಕಳೂ
ಜನವರಿ ಒಂದರಂದು ಹುಟ್ಟಿದವರು.
ನಾನು ನೆಲ ನೋಡಿದೆ. ನನ್ನದೂ ಜನವರಿ ಒಂದು.
ನಿವೃತ್ತಿಯ ದಿನವೂ ಅದೇ ಸುಳ್ಳನ್ನು ನಂಬಿ ಬರುತ್ತದೆ.

ಆಮೇಲೆ ನಾಮಾಕಾವು ಸೊಂಟದ ಬಟ್ಟೆಯ ಗಂಟು ಬಿಚ್ಚಿದಳು.
ಒಳಗೆ ಪ್ಲಾಸ್ಟಿಕ್ಕು, ಅದರೊಳಗೆ ಕ್ಲಿನಿಕ್ಕಿನ ತೂಕದ ಕಾರ್ಡು.
ಹುಟ್ಟಿದ ದಿನದ ಚೌಕವನ್ನು ಗೆದ್ದಲು ಓದಿ ಮುಗಿಸಿತ್ತು.
"ಇದರಲ್ಲಿ ತಾರೀಕೇ ಇಲ್ಲ" ಎಂದರು ವಕೀಲರು,
ಬಹಳ ಮೆಲ್ಲಗೆ, ಸಾವಿನ ಮನೆಯಲ್ಲಿ ಮಾತಾಡುವಂತೆ.

ಮಧ್ಯಾಹ್ನದ ಮೇಲೆ ಸಿಬೆಸೋ ಬಂದರು, ಹಳೆಯ ನರ್ಸು,
ಒಂದು ಕಣ್ಣಿಗೆ ಪೊರೆ. ಕಾರ್ಡನ್ನು ಕಿಟಕಿಯ ಬೆಳಕಿಗೆ ಹಿಡಿದರು.
"ಇದು ಮೊದಲ ಚುಕ್ಕೆ. ನಾನೇ ಇಟ್ಟದ್ದು.
ಪಕ್ಕದಲ್ಲಿ ಮೊಹರು: ಏಪ್ರಿಲ್, ಎರಡು ಸಾವಿರದ ಒಂಬತ್ತು.
ತೂಕ ನಾಲ್ಕು ಕಿಲೋ ನೂರು ಗ್ರಾಂ."
ಪಾಟೀಸವಾಲು: "ತೂಕದಿಂದ ವಯಸ್ಸು ಹೇಗೆ ತಿಳಿಯುತ್ತದೆ?"
"ಸ್ವಾಮಿ, ನಾಲ್ಕು ಕಿಲೋದ ಮಗುವಿಗೆ ಎರಡು ವರ್ಷವೇ?
ನಿಮ್ಮ ಮನೆಯಲ್ಲಿ ಯಾರೂ ಮಗು ಎತ್ತಿಕೊಂಡಿಲ್ಲವೇ?"

ಕೋರ್ಟು ನಕ್ಕಿತು. ಪೆನ್ನು ಕದಲಿತು.
ಪರದೆಯಾಚೆ ಯಾರೂ ನಗಲಿಲ್ಲ.

ಆ ತೂಕವನ್ನು ಎರಡೂ ಭಾಷೆಯಲ್ಲಿ ಹೇಳಿದವ ನಾನು.
ಇಂಗ್ಲಿಷಿನಲ್ಲಿ ಅದು ಸಾಕ್ಷ್ಯವಾಯಿತು.
ತಾಯಿಗೆಂದು ಲೋಜಿಯಲ್ಲಿ ಹೇಳುವಾಗ ನನ್ನ ಕೈ
ಏನನ್ನೋ ಹೊತ್ತಂತೆ ತಾವಾಗಿ ಬಾಗಿದ್ದವು.
ಅದು ದಾಖಲಾಗಲಿಲ್ಲ.

ಇದು ಒಂಬತ್ತನೇ ಮುದ್ದತು.
ಅದು ನಡೆದ ದಿನ ಅವಳಿಗೆ ಹದಿನಾಲ್ಕು
ಎಂದು ಇವತ್ತು ಬರೆದುಕೊಂಡರು.
ಇವತ್ತು ಎಷ್ಟು, ಹದಿನಾರು ನಡೆಯುತ್ತಿದೆಯೋ ತುಂಬಿತೋ,
ಯಾರೂ ಕೇಳಲಿಲ್ಲ.

ಹೊರಗೆ ಜಗಲಿಯಲ್ಲಿ ನಾಮಾಕಾವು ನನ್ನ ತೋಳು ಹಿಡಿದಳು:
"ಕಾರ್ಡು ವಾಪಸು ಕೊಡಿಸು, ತಮ್ಮಾ."
ಅದಕ್ಕೆ ಆಗಲೇ ಕೆಂಪು ಶಾಯಿ ಬಿದ್ದಿತ್ತು: ನಿಶಾನೆ ಪಿ-ನಾಲ್ಕು.
ನಿಶಾನೆ ಎಂಬುದಕ್ಕೆ ಲೋಜಿಯ ಮಾತು ಹುಡುಕಿದೆ, ಸಿಗಲಿಲ್ಲ.
"ಅವರೇ ಇಟ್ಟುಕೊಳ್ಳುತ್ತಾರೆ" ಎಂದೆ.
"ಮೊದಲ ಚುಕ್ಕೆ ಇಟ್ಟುಕೊಳ್ಳಲಿ.
ಅದರಲ್ಲಿ ಇನ್ನೂ ಇವೆಯಲ್ಲ, ನಡೆದದ್ದು, ಸಿಡುಬು ತಗುಲಿ ಇಳಿದದ್ದು,
ಮತ್ತೆ ಏರಿದ್ದು. ಅವು ಅವರಿಗೆ ಯಾಕೆ?"

ನಲ್ಲಿಯ ಕೆಳಗೆ ಒಂಟಿ ಕಾಲಲ್ಲಿ ನಿಂತು
ಮಗಳು ಚಪ್ಪಲಿಗೆ ಹತ್ತಿದ ಮರಳು ತೊಳೆಯುತ್ತಿದ್ದಳು,
ಒಂದು ಮುಗಿಸಿ, ಇನ್ನೊಂದು.